ದಾರಿಯಲ್ಲಿರುವ ಒಪ್ಪಿಗೆ

ಮದುವೆ ಮಾಡಿಸುವ ಸರ್ಕಾರಿ ಪರವಾನಗಿ ಕೈಗೆ ಬಂದ ಮೇಲೆ ವತ್ಸಲೆಗೆ ಇದೇ ಮೊದಲ ಮದುವೆ. ವರ ತಿಪ್ಪೇಶ ಚಿತ್ರದುರ್ಗದ ಛತ್ರದಲ್ಲಿ, ವಧು ಇಂಚರಾ ಮಂಗಳ ಗ್ರಹದ ಗಣಿಯಲ್ಲಿ. "ಒಪ್ಪಿಗೆಯೇನಮ್ಮಾ?" ಎಂದು ಕೇಳಿದ ಮಾತು ಅಲ್ಲಿಗೆ ಮುಟ್ಟಲು ಇಪ್ಪತ್ತು ನಿಮಿಷ, ಉತ್ತರ ಬರಲು ಇನ್ನಿಪ್ಪತ್ತು. ಅಷ್ಟರಲ್ಲಿ ಜನ ಉಪ್ಪಿಟ್ಟು ಮುಗಿಸಿ ಬಂದು, ಮುಷ್ಟಿಯಲ್ಲಿ ಅಕ್ಷತೆ ಹಿಡಿದು ಕೂತರು.

"ಒಪ್ಪದೆ ಏನ್ಮಾಡ್ತಾಳೆ? ಮದುವೆ ಆಯ್ತು ಅಂದುಬಿಡಿ ಮೇಡಂ, ಪಾಯಸ ಆರ್ತದೆ," ಎಂದರು ವರನ ದೊಡ್ಡಪ್ಪ.

"ಕಿವಿಯಾರೆ ಕೇಳದೆ ನಾನು ಹೇಳೋ ಹಾಗಿಲ್ಲ. ಹೂಂ ಅಂದಳೋ ಉಹೂಂ ಅಂದಳೋ, ಅವಳು ಹೇಳಿ ಆಗಿದೆ. ಮಾತು ದಾರಿಯಲ್ಲಿದೆ."

ದೊಡ್ಡಪ್ಪ ತಲೆಯೆತ್ತಿ ಮೇಲೆ ನೋಡಿದರು. ಅವರ ಹಿಂದೆ ಇಡೀ ಛತ್ರವೇ ನೋಡಿತು. ಆಕಾಶದ ಅಪಾರ ಕತ್ತಲಲ್ಲಿ ಒಂಟಿಯಾಗಿ ಬರುತ್ತಿರುವ ಒಂದೇ ಒಂದು ಮಾತನ್ನು ನೆನೆದು ವತ್ಸಲೆಯ ಮೈ ಜುಮ್ಮೆಂದಿತು.

ಕೊನೆಗೆ ದನಿ ಬಂತು. "ಹೂಂ, ಒಪ್ಪಿದೀನಿ. ತಿಪ್ಪೇಶ, ಇದು ನಿನಗೆ ಕೇಳೋ ಹೊತ್ತಿಗೂ ನೀನು ನಿಂತೇ ಇರ್ತೀಯ. ಕೂತ್ಕೊ ಮಾರಾಯ."

ತಿಪ್ಪೇಶ ಮಣೆಯ ಪಕ್ಕ ನಿಂತೇ ಇದ್ದ. ಸತಿಪತಿಗಳೆಂದು ಸಾರುವ ಮೊದಲು ವತ್ಸಲೆ ಅವನಿಗೆ ಮಣೆ ತೋರಿಸಿದಳು.