ವಧುವಿನ ಹೆಸರು ಹಾಕದ ಕಾರ್ಡು

"ವಧುವಿನ ಹೆಸರು ಕಾರ್ಡಿನಲ್ಲಿ ಇಲ್ಲ ಅಂದ್ರೆ ಮದುವೆನೂ ಇಲ್ಲ," ಎಂದು ಉಮ್ಮ್ ರಾಮಿ ಕೈಚೀಲವನ್ನು ಬುರ್ಹಾನನ ಮೇಜಿನ ಮೇಲೆ ಕುಕ್ಕಿದಳು. ಸಲ್ತ್ ಊರಿನ ಗುಡ್ಡಗಳೆಲ್ಲ ಒಮ್ಮೆ ಅಲುಗಿದವು. ನಂಬದವರು ಬಂದು ಗುಡ್ಡಗಳನ್ನೇ ಕೇಳಬಹುದು.

ಬುರ್ಹಾನ್ ಮದುವೆ ಕಾರ್ಡು ಅಚ್ಚು ಹಾಕುವವನು. ಇಡೀ ಜೋರ್ಡಾನಿನಲ್ಲಿ ಅವನಷ್ಟು ದಪ್ಪ ಕಾರ್ಡು ಮಾಡುವವರಿಲ್ಲ. ಅವನ ಕಾರ್ಡಿನಿಂದ ಒಬ್ಬ ಕುಂಟುವ ಮಂಚಕ್ಕೆ ಕಾಲು ಕೊಟ್ಟ. ಇನ್ನೊಬ್ಬ ಕೋಳಿಗೂಡಿಗೆ ಬಾಗಿಲು ಮಾಡಿದ. ಇಂದಿಗೂ ಆ ಗೂಡಿಗೆ ನರಿ ನುಗ್ಗಿಲ್ಲ.

"ನಮ್ಮಲ್ಲಿ ಆ ಪದ್ಧತಿ ಇಲ್ವಲ್ಲ ಉಮ್ಮ್ ರಾಮಿ," ಎಂದ ಪಕ್ಕದ ಕುರ್ಚಿಯಲ್ಲಿದ್ದ ಅಬು ಅನೀಸ್. "'ಇಂಥವರ ಮಗಳು' ಅಂತ ಹಾಕಿ ಸುಮ್ಮನಾಗ್ತಾರೆ. ನಮ್ಮಜ್ಜನ ಕಾಲದಿಂದ ಹಾಗೇ. ಹೆಣ್ಣಿನ ಹೆಸರು ಬೀದೀಲಿ ಹಾರಾಡಬಾರದು."

"ಗಂಡಿನ ಹೆಸರು ಹಾರಾಡಬಹುದು?"

"ಅದಕ್ಕೆ ರೆಕ್ಕೆ ಇದೆ."

"ಕತ್ತರಿಸೋಕೆ ಎಷ್ಟು ಹೊತ್ತು?"

ಬೀಗರ ಜಗಳ ಎಂದುಕೊಂಡ ಬುರ್ಹಾನ್. ಇಂಥ ಜಗಳಗಳನ್ನು ಅವನು ಬೆಳಗಿನ ತಿಂಡಿಗೆ ತಿನ್ನುತ್ತಾನೆ. ಮರಮಿಯಾ ಎಲೆಯ ಚಹಾ ತರಿಸಿ ಇಬ್ಬರ ಮುಂದೂ ಇಟ್ಟ. ಅಕ್ಕಪಕ್ಕದ ಮನೆಯವರು, ನಡುವೆ ಒಂದೇ ಗೋಡೆ. ಇಬ್ಬರ ನಿಜವಾದ ಹೆಸರೂ ಅವನಿಗೆ ಗೊತ್ತಿಲ್ಲ. ಸಲ್ತ್‌ನಲ್ಲಿ ಯಾರಿಗೂ ಗೊತ್ತಿರುವುದಿಲ್ಲ. ಹಿರಿಮಗ ಹುಟ್ಟಿದ ಗಳಿಗೆಯಿಂದ ಅಪ್ಪ 'ಅಬು', ಅಮ್ಮ 'ಉಮ್ಮ್', ಮುಂದೆ ಮಗನ ಹೆಸರು, ಅಷ್ಟೆ. ಅಂಚೆಯವನೂ ಹಾಗೇ ಕರೆಯುತ್ತಾನೆ. ದೇವದೂತರೂ ಹಾಗೇ ಕರೆಯುತ್ತಾರೆಂಬುದು ನನ್ನ ಖಚಿತ ಅಭಿಪ್ರಾಯ.

"ಹೆಸರಿನ ವಿಷಯ ಕೊನೇಲಿ ನೋಡೋಣ," ಎಂದ ಬುರ್ಹಾನ್, ಕಂಪ್ಯೂಟರಿನ ಮುಂದೆ ಕೂತು. "ಆಹ್ವಾನಿಸುವವರು ಯಾರು?"

"ನಾವೇ," ಎಂದರು ಇಬ್ಬರೂ. "ಇನ್ಯಾರು?"

"ವರನ ಹೆಸರು?"

"ಖಲೀಲ್," ಎಂದು ಅಬು ಅನೀಸ್ ಎದೆಯುಬ್ಬಿಸಿದ. ಅಂಗಿಯ ಗುಂಡಿಯೊಂದು ಹಾರಿ ಜೆರುಸಲೇಮಿನ ದಿಕ್ಕಿಗೆ ಹೋಯಿತು. "ದೊಡ್ಡಕ್ಷರದಲ್ಲಿ ಹಾಕು. ಇಂಥ ಗಂಡು ಈ ಊರಲ್ಲಿ ಇನ್ನೊಬ್ಬ ಹುಟ್ಟಿಲ್ಲ."

"ಮೂಗು ಸ್ವಲ್ಪ ಉದ್ದ," ಎಂದಳು ಉಮ್ಮ್ ರಾಮಿ. "ಗೊರಕೆ ಬೇರೆ."

"ಗೊರಕೆನಾ? ಯಾರು ಹೇಳಿದ್ದು?"

"ಗೋಡೆ ಹೇಳ್ತು."

ಬುರ್ಹಾನ್ ಬೇಗಬೇಗ ಮುಂದಿನ ಸಾಲಿಗೆ ಹೋದ. "ಹಾಡು, ಡೋಲು, ದಬ್ಕೆ ಕುಣಿತ ಎಲ್ಲ ಇದೆ ಅಂತ ಹಾಕಲಾ?"

"ಡೋಲು ಬೇಡ, ತಲೆನೋವು," ಎಂದಳು ಅವಳು.

"ಕುಣಿತ ಬೇಡ, ಮೊಣಕಾಲು," ಎಂದ ಅವನು.

"ವೇಳೆ?"

"ಸಂಜೆ ಮಗ್ರಿಬ್ ನಮಾಜು ಆದ ತಕ್ಷಣ ಶುರು. ರಾತ್ರಿ ಇಶಾ ನಮಾಜಿನ ಹೊತ್ತಿಗೆ ಎಲ್ಲರೂ ಮನೆಗೆ. ಆಮೇಲೆ ನಿದ್ದೆ ಬರುತ್ತೆ," ಎಂದ ಹಾಜಿ ಅಬು ಅನೀಸ್.

"ಇಷ್ಟು ಬೇಗನಾ ಹಾಜಿ? ಹುಡುಗರು ಒಪ್ತಾರಾ?"

"ಹುಡುಗರನ್ನ ಯಾರು ಕೇಳಿದ್ರು?" ಎಂದ ಅಬು ಅನೀಸ್.

ಪಾಪ ಖಲೀಲ್, ಎಂದುಕೊಂಡ ಬುರ್ಹಾನ್. ತನ್ನ ಮದುವೆಯಲ್ಲೇ ಅವನಿಗೆ ಬಾಯಿಲ್ಲ. "ಊಟಕ್ಕೆ ಮನ್ಸಫ್ ಅಂತ ಹಾಕ್ತೀನಿ."

"ಮಾಂಸ ಬೆಣ್ಣೆ ಹಾಗೆ ಬೆಂದಿರುತ್ತೆ ಅಂತಲೂ ಹಾಕು," ಎಂದ ಅಬು ಅನೀಸ್.

"ಕಾರ್ಡಿನಲ್ಲಾ?"

"ಹಲ್ಲಿಲ್ಲದವರೂ ಧೈರ್ಯವಾಗಿ ಬರಲಿ."

ಉಳಿದದ್ದು ಎಲ್ಲ ಕಾರ್ಡಿನ ತಳದಲ್ಲೂ ಇರುವ ಸಾಲು: 'ಮಕ್ಕಳಿಗೆ ಅವರವರ ಮನೆಯೇ ಸ್ವರ್ಗ.' ಅಂದರೆ ದಯವಿಟ್ಟು ಕರೆತರಬೇಡಿ. ಇದನ್ನು ಹಾಕಬೇಕೋ ಬೇಡವೋ ಎಂಬ ಜಗಳದಲ್ಲೇ ಸಲ್ತ್‌ನಲ್ಲಿ ನಿಶ್ಚಿತಾರ್ಥಗಳು ಮುರಿದಿವೆ, ಅಣ್ಣತಮ್ಮಂದಿರು ಮಾತು ಬಿಟ್ಟಿದ್ದಾರೆ. ಬುರ್ಹಾನ್ ಹೆದರುತ್ತಲೇ ಕೇಳಿದ.

"ಹಾಕು," ಎಂದರು ಇಬ್ಬರೂ ಒಟ್ಟಿಗೆ. ಅಂದು ಅವರು ಎರಡನೇ ಸಲ ಒಂದಾದದ್ದು.

"ಕಪ್ಪಗೆ, ದಪ್ಪಗೆ ಹಾಕು ಮಗನೇ," ಎಂದಳು ಉಮ್ಮ್ ರಾಮಿ. "ನಮ್ಮ ಕಡೆಯವೇ ಹೆಚ್ಚು ರಂಪ ಮಾಡೋದು."

"ನಮ್ಮವೇನು ಕಮ್ಮಿನಾ," ಎಂದು ಅಬು ಅನೀಸ್ ನಿಟ್ಟುಸಿರಿಟ್ಟ.

ಮತ್ತೆ ಹೆಸರಿಗೇ ಬಂದು ನಿಂತಿತು.

"ಮೊದಲಕ್ಷರ ಮಾತ್ರ ಹಾಕೋಣವಾ ಹಾಜಿ? ಈಗ ಸುಮಾರು ಜನ ಹಾಗೆ ಮಾಡ್ತಾರೆ."

"ಅದೂ ಬೇಡ," ಎಂದ ಅಬು ಅನೀಸ್ ಬೇಗನೆ. ತುಂಬ ಬೇಗನೆ. ಹಣೆಯಲ್ಲಿ ಬೆವರು ಎಷ್ಟು ಹರಿಯಿತೆಂದರೆ, ಅದನ್ನು ಕಾಲುವೆಗೆ ತಿರುಗಿಸಿದ್ದರೆ ಕಣಿವೆಯ ಆಲಿವ್ ತೋಟಗಳಿಗೆ ಆ ವರ್ಷ ನೀರಿನ ಚಿಂತೆ ಇರುತ್ತಿರಲಿಲ್ಲ.

"ಹಿಂದಿನ ಮದುವೆ ಕಾರ್ಡಿನಲ್ಲೂ ಹೆಸರು ಹಾಕಲಿಲ್ಲ," ಎಂದಳು ಉಮ್ಮ್ ರಾಮಿ. ದನಿ ತಗ್ಗಿತ್ತು. "ಆಗ ಬಾಯಿ ಮುಚ್ಚಿಕೊಂಡಿದ್ದಾಯ್ತು. ಈ ಸಲ ಆಗಲ್ಲ. ಒಂದು ಹೆಣ್ಣು ಇದ್ದಳು ಅಂತ ಒಂದು ಕಾಗದವಾದ್ರೂ ಹೇಳಲಿ."

ಅವಳು ಎದ್ದು ಚೀಲ ಹೆಗಲಿಗೇರಿಸಿದಳು. "ಬರ್ತೀನಿ. ಮದುವೆ ಇಲ್ಲ ಅಂತ ನಿಮ್ಮ ಆ ಖಲೀಲನಿಗೆ ಹೇಳ್ಕೊಳ್ಳಿ."

ಬಾಗಿಲ ತನಕ ಹೋಗಿದ್ದಳು. ಅಬು ಅನೀಸನ ಮುಖ ಹಳೇ ರೊಟ್ಟಿಯ ಬಣ್ಣಕ್ಕೆ ತಿರುಗಿತು.

"ತಡೀರಿ," ಎಂದ. "ಹಾಕೋಣ. ಚಿನ್ನದಕ್ಷರದಲ್ಲೇ ಹಾಕೋಣ."

ಉಮ್ಮ್ ರಾಮಿ ತಿರುಗಿ ಬಂದು ಕೂತಳು. ಕಣ್ಣಿನಲ್ಲಿ ಸಣ್ಣ ನಗು. "ಹಾಗಾದ್ರೆ ನೀವೇ ಹೇಳಿ ಬರೆಸಿ. ನಿಮ್ಮ ಬಾಯಿಂದಲೇ ಕೇಳ್ಬೇಕು."

"ಹೇಳಿ ಹಾಜಿ," ಎಂದ ಬುರ್ಹಾನ್, ಬೆರಳುಗಳನ್ನು ಕೀಲಿಗಳ ಮೇಲೆತ್ತಿ ಹಿಡಿದು. "ವಧುವಿನ ಹೆಸರು?"

ಎದುರಂಗಡಿಯ ಜಾಡಿಗಳಲ್ಲಿ ಉಪ್ಪಿನಕಾಯಿ ಹುಳಿಯಾಗುವ ಸದ್ದು ಕೇಳಿಸಿತು.

ಅಬು ಅನೀಸ್ ಕೆಂಪು ಚೌಕಳಿಯ ರುಮಾಲು ಕಳಚಿ, ಬೋಳು ತಲೆ ಒರೆಸಿಕೊಂಡು, ಅವಳತ್ತ ಬಾಗಿ ಪಿಸುಗುಟ್ಟಿದ: "ಉಮ್ಮ್ ರಾಮಿ, ಈ ವಯಸ್ಸಲ್ಲಿ ನನ್ನನ್ನ ಮದುವೆ ಆಗೋಕೆ ಒಪ್ಪಿದ್ದೀರಿ, ಸತ್ತರೂ ಮರೆಯಲ್ಲ, ಆದರೆ ನಿಮ್ಮ ಹೆಸರೇನು?"