ಓನರ್ ದನಿಯಲ್ಲಿ

"ಓನರಾ? ನಾನು ವಿಮಾ ಕಚೇರಿಯಿಂದ. ನಿಮ್ಮ ಲೇತ್ ಓಡಿಸೋ ಟರ್ನರ್ ಅಂಗವೈಕಲ್ಯ ಪರಿಹಾರಕ್ಕೆ ಹಾಕಿದ ಅರ್ಜಿ ಐದು ತಿಂಗಳಿಂದ ನನ್ನ ಮೇಜಿನ ಮೇಲೇ ಬಿದ್ದಿದೆ. ನೀವೊಂದು ಮಾತು ಹೇಳಿದ್ರೆ ಇವತ್ತೇ ಮಂಜೂರು. ಇಲ್ಲಾಂದ್ರೆ ಮತ್ತೆ ಮೊದಲಿಂದ."

ರಿಸೀವರ್ ಹಿಡಿದಿದ್ದವನು ಆ ಟರ್ನರೇ. ಅದೇ ಅರ್ಜಿಗೆ ಓನರನಿಂದ ಒಂದು ಪತ್ರ ಬೇಡಲು, ಡಾಕ್ಟರ ಕಾಗದ ಹಿಡಿದು, ಹೆಂಡತಿಯೊಂದಿಗೆ ವರ್ಕ್‌ಶಾಪಿನ ಆಫೀಸಿಗೆ ಬಂದು ಕೂತಿದ್ದ. ಓನರ್ ಹೊರಗೆ ಲಾರಿಯವನ ಜೊತೆ ಜಗಳಕ್ಕೆ ನಿಂತಿದ್ದ. ಫೋನ್ ಹೊಡೆದುಕೊಂಡಾಗ ಹಳೇ ಅಭ್ಯಾಸದಿಂದ ಇವನೇ ಎತ್ತಿಬಿಟ್ಟಿದ್ದ.

"ಯಾರ್ರೀ ಅದು?" ಎಂದು ಹೆಂಡತಿ ಪಿಸುಗುಟ್ಟಿದಳು. ಅವನು ಸುಮ್ಮನಿರು ಎಂದು ಕೈಸನ್ನೆ ಮಾಡಿ, ಓನರನ ಗಡಸು ದನಿ ತಂದುಕೊಂಡು, "ಹೂಂ, ಕೇಳಿ ಸಾರ್" ಎಂದ.

"ಅವನು ಮತ್ತೆ ಲೇತ್ ಮುಂದೆ ನಿಲ್ತಾನಾ? ಕಥೆ ಕಟ್ಟಬೇಡಿ. ಹೌದೋ, ಇಲ್ವೋ?"

ಗಾಜಿನಾಚೆ ಅವನ ಲೇತ್ ಮುಂದೆ ಬೇರೊಬ್ಬ ನಿಂತಿದ್ದ. "ಇನ್ನೆರಡು ತಿಂಗಳು ಕಣೇ, ಬೆನ್ನು ಸರಿಹೋಗುತ್ತೆ" ಎಂದು ಬೆಳಿಗ್ಗೆಯೂ ಮನೆಯಲ್ಲಿ ಹೆಂಡತಿಗೆ ಹೇಳಿದ್ದ.

"ಇಲ್ಲ ಸಾರ್, ಇನ್ನು ನಿಲ್ಲೋಕಾಗಲ್ಲ" ಎಂದ. ದನಿ ತನ್ನದೇ ಆಗಿಹೋಗಿತ್ತು. "ಡಾಕ್ಟರು ಮೊದಲ ದಿನವೇ ಹೇಳಿದ್ರು. ಅವನು ಹೆಂಡತಿಗೆ ಹೇಳಿಲ್ಲ, ಅಷ್ಟೇ."

ಹೆಂಡತಿ ಅವನ ಮಡಿಲಲ್ಲಿದ್ದ ಡಾಕ್ಟರ ಕಾಗದ ಎಳೆದುಕೊಂಡು ಮೊದಲ ಸಾಲಿನಿಂದ ಓದತೊಡಗಿದಳು.