ತೆರೆಯ ಮೇಲೆ ಅಪ್ಪನ ಹಾಡು

ತೆರೆಯ ಮೇಲೆ ಹಾಸ್ಯನಟ ಮೈತುಂಬ ಸೋಪಿನ ನೊರೆ ಮೆತ್ತಿಕೊಂಡು, ಸೊಂಟಕ್ಕೊಂದು ಟವೆಲ್ ಸುತ್ತಿ ಬೀದಿಯಲ್ಲಿ ಓಡುತ್ತಿದ್ದ. ಹಿನ್ನೆಲೆಯಲ್ಲಿ ಆ ಹಳೆಯ ವಿರಹಗೀತೆ ಶುರುವಾಯಿತು. ಥಿಯೇಟರೇ ಗೊಳ್ಳೆಂದಿತು. ಅದಕ್ಕೆ ತಾನೇ ರಾಗ ಹಾಕಿ ಹಾಡಿದ್ದವನ ಹೆಂಡತಿ ಮಾತ್ರ ಕೈಚೀಲವನ್ನು ಎದೆಗವಚಿಕೊಂಡು ಕೂತಿದ್ದಳು. ಗಂಡ ಸತ್ತಾಗಿನಿಂದ ಆ ಹಾಡು ಕೇಳಿಸುತ್ತಿದ್ದದ್ದು ಶ್ರದ್ಧಾಂಜಲಿ ಸಭೆಗಳಲ್ಲಿ. ಅಲ್ಲಿ ಎಲ್ಲರೂ ಹೊಗಳುವ ಮಹಾನ್ ಗಾಯಕ ಅವಳಿಗೆ ಯಾರೋ ಅನ್ನಿಸುತ್ತಿದ್ದ.

"ಅಪ್ಪನ ಹಾಡನ್ನ ಹೀಗಾ ಹಾಳು ಮಾಡೋದು? ಏಳಮ್ಮ, ಹೋಗೋಣ," ಎಂದು ಮಗಳು ಸಿಡುಕಿದಳು.

"ಕೂತ್ಕೊಳೇ. ನಿಮ್ಮಪ್ಪನಿಗೆ ಈ ರಾಗ ಹೊಳೆದಿದ್ದೇ ಸ್ನಾನ ಮಾಡುವಾಗ. ಮರೆತುಹೋಗತ್ತೆ ಅಂತ ಹೀಗೇ ನೊರೆ ಸುರಿಸ್ಕೊಂಡು ಅಡುಗೆಮನೆಗೆ ಓಡಿಬಂದು ನನಗೆ ಹಾಡಿ ತೋರಿಸಿದ್ರು."

ಹೇಳುತ್ತಲೇ ಅವಳು ನಕ್ಕಳು. ನಗುತ್ತಿದ್ದ ಹಾಗೇ, ಗಂಡ ತೀರಿಕೊಂಡ ಮೇಲೆ ಮೊದಲ ಸಲ, ಬಿಕ್ಕಿ ಬಿಕ್ಕಿ ಅತ್ತಳು.